ಅಣ್ಣಾವ್ರು ಉಳ್ಳಾಗಡ್ಡಿ ಕೊಂಡ ಕಥೆ

ಹೋದ ಗಣಪತಿ ಹಬ್ಬದಲ್ಲಿ ಹನ್ನೊಂದು ದಿನಕ್ಕೆ ಒಂಬತ್ತು ಮಿಮಿಕ್ರಿ ಪ್ರೋಗ್ರಾಂ ಮಾಡಿದೆ. ಜಮಖಂಡಿ, ಮುಧೋಳ, ಮಹಾಲಿಂಗಪುರ, ಬೆಳಗಾವಿಯಲ್ಲೇ ಎರಡು. "ಸಿನಿಮಾ ಡೈಲಾಗ್ ಇಲ್ಲದ ಮಿಮಿಕ್ರಿ ನಡೆಯಂಗಿಲ್ಲ ತಮ್ಮಾ, ಬಿಟ್ಬಿಡು" ಅಂದಿದ್ದ ಆರ್ಕೆಸ್ಟ್ರಾ ಮಾಲೀಕರೇ ಮೂರು ಸಲ ಫೋನ್ ಮಾಡಿ ಡೇಟ್ ಕೇಳಿದರು. ಆ ಖುಷಿಗೇ ಬರೆಯಲು ಕೂತಿದ್ದೇನೆ. ಮಿಮಿಕ್ರಿ ಮಾಡುವವರೇ ಇದನ್ನು ಓದುತ್ತೀರಿ ಅಂದುಕೊಂಡಿದ್ದೇನೆ. ಹಾಗಾಗಿ ಮೈಕ್ ಎಷ್ಟು ದೂರ ಹಿಡಿಯಬೇಕು ಅನ್ನೋದೆಲ್ಲ ಹೇಳಲ್ಲ.

ನಮ್ಮದು ಗುಳೇದಗುಡ್ಡ. ಮನೆಯಲ್ಲಿ ಖಣ ನೇಯುವ ಮಗ್ಗ. ಲಾಳಿ ಸಪ್ಪಳದ ನಡುವೆ ಮಾತಾಡಿ ಬೆಳೆದವನಿಗೆ ಧ್ವನಿ ದೊಡ್ಡದಿರುತ್ತೆ, ಅದೊಂದೇ ನನ್ನ ಬಂಡವಾಳ. ಮಿಮಿಕ್ರಿ ದಯಾನಂದ್ ಅವರನ್ನು ಕೇಳಿ ಹುಚ್ಚು ಹಿಡಿಸಿಕೊಂಡವರಲ್ಲಿ ನಾನೂ ಒಬ್ಬ. ಮೊದಲ ಪೇಮೆಂಟ್ 2004ರ ಸುಮಾರಿಗೆ, ಒಂದು ಮದುವೆಯಲ್ಲಿ. ನೂರೈವತ್ತು ರೂಪಾಯಿ, ಊಟ ಫ್ರೀ. ಬಸ್ಸಿಗೆ ನಲವತ್ತು ಹೋಯಿತು. ಅಪ್ಪ ಉಳಿದ ದುಡ್ಡು ಎಣಿಸಿ, "ಇದಕ್ಕಿಂತ ಒಂದು ಖಣ ನೇಯ್ದಿದ್ರ ಚಲೋ ಇತ್ತು" ಅಂದ.

ಹದಿಮೂರು ವರ್ಷ ಒಂದೇ ಅಡುಗೆ ಬಡಿಸಿದೆ. ಅಣ್ಣಾವ್ರು, ವಿಷ್ಣುವರ್ಧನ್, ಅಂಬರೀಶ್, ಶಂಕರ್ ನಾಗ್, ವಜ್ರಮುನಿ, ಟೈಗರ್ ಪ್ರಭಾಕರ್. ಕೊನೆಗೆ ರೈಲು, ನಾಯಿ ಜಗಳ. ಎಲ್ಲರೂ ಮಾಡುವ ಅವೇ ಸಿನಿಮಾ ಡೈಲಾಗ್. ಕೈಯಲ್ಲಿ ಮೊಬೈಲ್ ಬಂದ ಮೇಲೆ ಮುಂದಿನ ಸಾಲಿನ ಹುಡುಗರು ನನಗಿಂತ ಮೊದಲೇ ಮುಂದಿನ ಸಾಲು ಕೂಗತೊಡಗಿದರು. ಚಪ್ಪಾಳೆ ಬೀಳುತ್ತಿತ್ತು, ಆದರೆ ಅದು ನನಗಲ್ಲ, ಡೈಲಾಗ್ ಬರೆದವರಿಗೆ. ಪೇಮೆಂಟ್ ಎರಡೂವರೆ ಸಾವಿರಕ್ಕೆ ಬಂದು ಅಲ್ಲೇ ನಿಂತುಬಿಟ್ಟಿತ್ತು. ಅದರಲ್ಲಿ ಕೀಬೋರ್ಡಿನವನಿಗೆ ಎಂಟು ನೂರು ಕೊಡಬೇಕು.

ಆಗ ತಲೆಗೆ ಬಂದಿದ್ದು, ಸಿನಿಮಾ ಡೈಲಾಗ್ ಪೂರ್ತಿ ಬಿಡೋದು. ಸ್ಟಾರ್‌ಗಳನ್ನು ನಮ್ಮ ಓಣಿಗೆ ಕರಕೊಂಡು ಬರೋದು. ಅಣ್ಣಾವ್ರು ಬಾಗಲಕೋಟೆ ಸಂತೆಯಲ್ಲಿ, ವಜ್ರಮುನಿ ಸಂಘದ ಸಾಲ ಕಟ್ಟುವ ಸಾಲಿನಲ್ಲಿ. ಗೆಳೆಯರಿಗೆ ಹೇಳಿದೆ. ಒಬ್ಬನೂ ಒಪ್ಪಲಿಲ್ಲ. "ಅಣ್ಣಾವ್ರ ಬಾಯಾಗ ನಮ್ಮ ಭಾಷೆ ಹಾಕಿದ್ರ ಕಲ್ಲ ಒಗೀತಾರ ನೋಡು" ಅಂದರು.

ಸುಳ್ಳಲ್ಲ. 2017ರ ಬನಶಂಕರಿ ಜಾತ್ರೆ. ಒಂದು ನಾಟಕ ಕಂಪನಿಯವರು ಅಂಕಗಳ ನಡುವೆ ಹತ್ತು ನಿಮಿಷ ಕೊಟ್ಟಿದ್ದರು. ಅಣ್ಣಾವ್ರ ಧ್ವನಿಯಲ್ಲಿ "ಏನಲೇ, ಎಷ್ಟಕ್ಕ ಕೊಡ್ತಿ" ಅಂದೆ. ಟೆಂಟು ತಣ್ಣಗಾಯಿತು. ಕಲ್ಲು ಬೀಳಲಿಲ್ಲ. ಅದಕ್ಕಿಂತ ಕೆಟ್ಟದ್ದಾಯಿತು. ರುಮಾಲು ಸುತ್ತಿದ ಹಿರಿಯರೊಬ್ಬರು ಎದ್ದು, ಸ್ಟೇಜಿನ ಹತ್ತಿರ ಬಂದು, ಸಣ್ಣ ಧ್ವನಿಯಲ್ಲಿ "ಅವ್ರು ಹಂಗ ಮಾತಾಡಂಗಿಲ್ಲಪಾ" ಅಂದು ವಾಪಸ್ ಹೋಗಿ ಕೂತರು. ಆ ಹತ್ತು ನಿಮಿಷದಲ್ಲಿ ಆರು ಉಳಿದಿತ್ತು. ಹೇಗೆ ಮುಗಿಸಿದೆನೋ ಗೊತ್ತಿಲ್ಲ. ಆ ರಾತ್ರಿ ಆಯೇರಿ, ಅಂದರೆ ಜನ ಮೆಚ್ಚಿ ಕೊಡುವ ದುಡ್ಡು, ಬಂದಿದ್ದು ಹತ್ತು ರೂಪಾಯಿ, ಅದೂ ರೈಲಿನ ಸಪ್ಪಳಕ್ಕೆ.

ಆಮೇಲೆ ಒಂದೂವರೆ ವರ್ಷ ಏನೇನೋ ಮಾಡಿದೆ. ವಜ್ರಮುನಿ ಗಡಸು ಬರಲಿ ಅಂತ ಖಾಲಿ ತಾಮ್ರದ ಕೊಡದ ಬಾಯಿಗೆ ಬಾಯಿಟ್ಟು ಗುಡುಗಿದೆ. ಕೊಡದಲ್ಲಿ ಬಹಳ ಚೆನ್ನಾಗಿ ಬರುತ್ತಿತ್ತು, ಹೊರಗೆ ತೆಗೆದರೆ ಶೀತ ಆದವನ ಧ್ವನಿ. ಹದಿನಾಲ್ಕು ಸಾವಿರ ಸಾಲ ಮಾಡಿ ಎಕೋ ಮಷೀನ್ ತಂದೆ. ಎಕೋ ಹಾಕಿದರೆ ಎಲ್ಲ ಸ್ಟಾರೂ ಒಬ್ಬನೇ ಆಗಿಬಿಡ್ತಾನೆ ಅಂತ ಮೂರೇ ಶೋದಲ್ಲಿ ಗೊತ್ತಾಯಿತು. ಆರು ಸಾವಿರಕ್ಕೆ ಮಾರಿದೆ. ಗಂಟಲಿಗೆ ಜೇಷ್ಠಮಧು, ಕಲ್ಲುಸಕ್ಕರೆ, ಯಾರೋ ಹೇಳಿದ ಕೋಳಿಮೊಟ್ಟೆ ಎಲ್ಲ ನೋಡಿದೆ. ಕೆಲಸ ಮಾಡಿದ್ದು ಬಿಸಿನೀರು ಮತ್ತು ಶೋದ ಹಿಂದಿನ ದಿನ ಬಾಯಿ ಮುಚ್ಚಿಕೊಂಡು ಇರೋದು. ಹೆಂಡತಿ ಮಾತ್ರ ಈ ಎರಡನೆಯದನ್ನು ಮೆಚ್ಚಿಕೊಂಡಳು.

ಆದರೆ ಆ ಹಿರಿಯರ ಮಾತು ಬಿಡಲಿಲ್ಲ. ಹಂಗ ಮಾತಾಡಂಗಿಲ್ಲ ಅಂದರೆ, ಹೆಂಗ ಮಾತಾಡ್ತಾರ? ಅಣ್ಣಾವ್ರು ಗುಬ್ಬಿ ವೀರಣ್ಣನವರ ನಾಟಕ ಕಂಪನಿಯಲ್ಲಿ ಪಳಗಿದವರು. ಕಡೇ ಸಾಲಿನವನಿಗೂ ಪ್ರತಿ ಅಕ್ಷರ ಮುಟ್ಟಬೇಕು ಅನ್ನೋ ರೂಢಿ ಅದು. ಒತ್ತಕ್ಷರ ನುಂಗಲ್ಲ, ಮಹಾಪ್ರಾಣ ಬಿಡಲ್ಲ. ಮಾತು ಶುರುವಾಗುವ ಮುಂಚೆ ಒಂದು ಉಸಿರು, ಕೊನೆಗೆ ಸಣ್ಣ ಎಳೆತ. ಶಂಕರ್ ನಾಗ್ ಇದಕ್ಕೆ ಪೂರ್ತಿ ಉಲ್ಟಾ, ಒಂದು ಮಾತಿನ ಬಾಲ ಹಿಡಿದೇ ಇನ್ನೊಂದು ಓಡುತ್ತೆ. ಅಂಬರೀಶ್ ಉಸಿರು ಬಿಡುತ್ತಲೇ ಮಾತು ಒಗೆಯುತ್ತಾರೆ. ನಾವು ಗಂಟಲು ಕಲಿತಿದ್ದೆವು, ಉಸಿರು ಕಲಿತಿರಲಿಲ್ಲ. (ವಿಷ್ಣು ಧ್ವನಿಗೆ ನಾಲಿಗೆ ಎಲ್ಲಿಡಬೇಕು ಅನ್ನೋದನ್ನು ನಾನು ಬರೆಯಲ್ಲ. ಅದು ನನ್ನ ಅನ್ನ. ಸಿಕ್ಕಾಗ ಚಹಾ ಕುಡಿಸಿದರೆ ನೋಡೋಣ.)

ಅಂದರೆ ಸ್ಟಾರ್ ಬದಲಾಗಬಾರದು. ಅವರು ತಮ್ಮ ಮರ್ಯಾದೆಯಲ್ಲೇ, ತಮ್ಮ ಕನ್ನಡದಲ್ಲೇ ಇರಲಿ. ಎದುರಿಗಿರುವವರು ನಮ್ಮವರಾಗಲಿ. ಗುಳೇದಗುಡ್ಡದ ಸಂತೆಯಲ್ಲಿ ನಮ್ಮ ಅತ್ತಿ ಉಳ್ಳಾಗಡ್ಡಿ ಮಾರುತ್ತಾಳೆ. ಅವಳನ್ನೇ ಕೂಡಿಸಿದೆ.

ಅಣ್ಣಾವ್ರು ಬರ್ತಾರೆ. ಕೈ ಮುಗೀತಾರೆ. ಉಸಿರು. "ತಾಯಿ... ಈರುಳ್ಳಿ ಬೆಲೆ ಎಷ್ಟಮ್ಮಾ?"

ಅತ್ತಿ ತಲೆ ಎತ್ತದೆ, "ಈರುಳ್ಳಿ ಇಲ್ರೀ. ಮುಂದಿನ ಅಂಗಡಿ ನೋಡ್ರಿ."

"ಇದೇನಮ್ಮಾ ಮತ್ತೆ, ಇಷ್ಟೊಂದು ರಾಶಿ?"

"ಇದು ಉಳ್ಳಾಗಡ್ಡಿರೀ!"

2018ರ ಗಣಪತಿ, ಬಾಗಲಕೋಟೆ ನವನಗರ. ಅತ್ತಿಯ ಈ ಕೊನೆಯ ಮಾತಿಗೆ ನಗು ಎದ್ದಿದ್ದು ನಿಲ್ಲಲೇ ಇಲ್ಲ. ನಾನು ಮುಂದಿನ ಸಾಲು ಹೇಳಲು ಕಾಯಬೇಕಾಯಿತು. ಹದಿಮೂರು ವರ್ಷದಲ್ಲಿ ಒಮ್ಮೆಯೂ ಕಾದಿರಲಿಲ್ಲ. ಮುದುಕರು ಜಾಸ್ತಿ ನಕ್ಕರು. ಅಣ್ಣಾವ್ರಿಗೆ ಏನೂ ಆಗಿರಲಿಲ್ಲ, ಸೋತದ್ದು ಭಾಷೆ ಅಷ್ಟೇ. ಹತ್ತು ನಿಮಿಷದ ಐಟಂ ಇಪ್ಪತ್ತೈದಕ್ಕೆ ಹೋಯಿತು. ಆಯೇರಿಯೇ ಮೂರು ಸಾವಿರದ ಮೇಲೆ.

ಬೆಳಗಾವಿಯಲ್ಲಿ ಇದು ಸ್ವಲ್ಪ ತಿರುಗಿಸಬೇಕು. ಕೆಲವು ಗಲ್ಲಿಗಳಲ್ಲಿ ಅರ್ಧ ಜನ ಮರಾಠಿಯವರು. ಅಲ್ಲಿ ನಾನಾ ಪಾಟೇಕರ್ ತಂದು ಕುಂದಾ ಅಂಗಡಿ ಮುಂದೆ ನಿಲ್ಲಿಸಿದೆ. ಅವರು ಮರಾಠಿಯಲ್ಲಿ ಸಿಟ್ಟಾಗ್ತಾರೆ, ಅಂಗಡಿಯವನು ಕನ್ನಡದಲ್ಲಿ ತಣ್ಣಗೆ ತೂಗ್ತಾನೆ. ಎರಡೂ ಕಡೆಯವರು ನಗ್ತಾರೆ. ವಿಜಯಪುರದಲ್ಲಿ ಇದನ್ನೇ ಮಾಡಿ ಬಿದ್ದೆ, ಅಲ್ಲಿ ಯಾರಿಗೂ ಬೇಕಿರಲಿಲ್ಲ. ವಜ್ರಮುನಿ ಸಾಲದ ಐಟಂ ಮಾತ್ರ ಮೂರೂ ಜಿಲ್ಲೆಯಲ್ಲಿ ನಡೆಯುತ್ತೆ. ಸಾಲ ಎಲ್ಲ ಕಡೆ ಇದೆ ನೋಡಿ.

ಕೊರೊನಾ ವರ್ಷ ಜಾತ್ರೆ ಇಲ್ಲ, ಮದುವೆ ಇಲ್ಲ, ಮತ್ತೆ ಮಗ್ಗಕ್ಕೆ ಕೂತೆ. ಅದು ಹೋಗಲಿ. 2021ರ ಅಕ್ಟೋಬರ್ 29ಕ್ಕೆ ಪುನೀತ್ ರಾಜ್‌ಕುಮಾರ್ ಹೋದ ಮೇಲಿನ ಒಂದು ಶೋ ಹೇಳಲೇಬೇಕು. ಯಾರೋ "ಅಪ್ಪು ಮಾಡ್ರಿ" ಅಂತ ಕೂಗಿದರು. ಶುರು ಮಾಡಿದೆ. ಎರಡು ಮಾತಿಗೆ ಮುಂದೆ ಕೂತ ಹುಡುಗಿಯೊಬ್ಬಳು ಅಳತೊಡಗಿದಳು, ಅವಳ ಹಿಂದೆ ಇನ್ನಿಬ್ಬರು. ನನ್ನ ಧ್ವನಿಯೂ ನಿಂತಿತು. ಕೀಬೋರ್ಡಿನವನು ಜಾಣ, ತಾನೇ ಒಂದು ಟ್ಯೂನ್ ಹಿಡಿದ. ಆಮೇಲೆ ನಾನು ಅಪ್ಪು ಮಾಡಿಲ್ಲ. ಕೇಳಿದವರಿಗೆ ಬರಲ್ಲ ಅಂತೀನಿ.

ಈಗ ಒಂದು ತಾಸಿಗೆ ಹನ್ನೆರಡರಿಂದ ಹದಿನೈದು ಸಾವಿರ, ಗಾಡಿ ಖರ್ಚು ಬೇರೆ. ಅರ್ಧ ಅಡ್ವಾನ್ಸ್ ಕೈಗೆ ಬರದೆ ಹೊರಡಲ್ಲ. ಎರಡು ಕಮಿಟಿಯವರು ಬಾಕಿ ಇನ್ನೂ ಕೊಟ್ಟಿಲ್ಲ, ಅದರಿಂದ ಕಲಿತ ಬುದ್ಧಿ.

ಹೋದ ತಿಂಗಳು ನಮ್ಮೂರಲ್ಲೇ ಪ್ರೋಗ್ರಾಂ ಇತ್ತು. ಅತ್ತಿ ಮುಂದಿನ ಸಾಲಿನಲ್ಲಿ ಕಾಲು ಮಡಚಿ ಕೂತಿದ್ದಳು. ಉಳ್ಳಾಗಡ್ಡಿ ಐಟಂಗೆ ಊರೆಲ್ಲ ನಕ್ಕಿತು, ಅವಳೊಬ್ಬಳು ನಗಲಿಲ್ಲ. ಮುಗಿದ ಮೇಲೆ ಕರೆದು, "ಅಣ್ಣಾವ್ರ ಧ್ವನಿ ಚಲೋ ತಗೀತಿ ಬಿಡು. ನಂದು ಬರಂಗಿಲ್ಲ ನಿನಗ" ಅಂದಳು. ಆಮೇಲೆ ಸುಮ್ನೆ ಇರದೆ, "ಎಷ್ಟು ಕೊಟ್ರು ಇವತ್ತ?" ಅಂತ ಕೇಳಿದಳು. ಹೇಳಿದೆ.

"ಅದ್ರಾಗ ನನ್ನ ಪಾಲ ಎಷ್ಟಲೇ?"