ಪುಣೆ ಕಿಚನ್‌ನಲ್ಲಿ ಸ್ವೀಡಿಶ್ ಮೀಟ್‌ಬಾಲ್

ಸ್ವೀಡನ್‌ನಲ್ಲಿ ಮೀಟ್‌ಬಾಲ್‌ಗೆ, ಅಂದ್ರೆ ಖೀಮಾ ಉಂಡೆಗೆ, ಬೀಫ್ ಪೋರ್ಕ್ ಮಿಕ್ಸ್ ಹಾಕ್ತಾರೆ, ಪುಣೆಲಿರೋ ನಾವು ಇಲ್ಲಿನ ಕ್ಯಾಂಪ್ ಏರಿಯಾ ಕಡೆಯಿಂದ ಅರ್ಧ ಕೆಜಿ ಮಟನ್ ಖೀಮಾ ತಂದ್ರೆ ಸಾಕು, ಸ್ವಲ್ಪ ಕೊಬ್ಬಿರ್ಲಿ. ಅರ್ಧ ಕಪ್ ಬ್ರೆಡ್ ಪುಡಿನ ಅಷ್ಟೇ ಹಾಲಲ್ಲಿ 10 ನಿಮಿಷ ನೆನೆಸಿ, ಇದನ್ನ ಮಾತ್ರ ಸ್ಕಿಪ್ ಮಾಡ್ಬೇಡಿ, ಉಂಡೆ ಮೆತ್ತಗಾಗೋದೇ ಇದರಿಂದ. ಬೆಣ್ಣೇಲಿ ಬಾಡಿಸಿದ ಈರುಳ್ಳಿ, ಮೊಟ್ಟೆ, ಉಪ್ಪು, ಮೆಣಸು, ಚಿಟಿಕೆ ಆಲ್‌ಸ್ಪೈಸ್ ಪುಡಿ, ಅದು ಸಿಗದಿದ್ರೆ ಚಿಟಿಕೆ ಲವಂಗ-ಜಾಯಿಕಾಯಿ ಪುಡಿ ಹಾಕಿ ಕಲಸಿ (ಗರಂ ಮಸಾಲಾ ಬೇಡ ಮಾರಾಯ್ರೆ, ಕೋಫ್ತಾ ಆಗ್ಬಿಡತ್ತೆ). ಚಿಕ್ಕ ಉಂಡೆ ಕಟ್ಟಿ ಬೆಣ್ಣೇಲಿ ಕಂದು ಬರೋವರೆಗೂ ಹುರಿದು ತೆಗ್ದಿಡಿ.

ಪ್ಯಾನ್ ತೊಳೀಬೇಡಿ! ತಳ ಹಿಡಿದಿರೋದ್ರಲ್ಲೇ ರುಚಿ ಇರೋದು, ಅದರಲ್ಲೇ 2 ಸ್ಪೂನ್ ಬೆಣ್ಣೆ 2 ಸ್ಪೂನ್ ಮೈದಾ ಹುರಿದು ಒಂದೂವರೆ ಕಪ್ ಸ್ಟಾಕ್ (ಮಾಂಸ ಅಥವಾ ಮೂಳೆ ಬೇಯಿಸಿ ಸೋಸಿದ ನೀರು) ಸ್ವಲ್ಪ ಸ್ವಲ್ಪನೇ ಹಾಕ್ತಾ ಗಂಟಾಗದಂಗೆ ತಿರುಗಿಸಿ, ಆಮೇಲೆ ಅರ್ಧ ಕಪ್ ಕ್ರೀಮ್, ಒಂದು ಸ್ಪೂನ್ ಸೋಯಾ ಸಾಸ್. ಉಂಡೆ ಹಾಕಿ ಸಿಮ್‌ನಲ್ಲಿ 10 ನಿಮಿಷ. ಜೊತೆಗೆ ಮ್ಯಾಶ್ ಮಾಡಿದ ಆಲೂಗಡ್ಡೆ, ಸ್ವೀಡನ್‌ನವ್ರು ಹಾಕ್ಕೊಳ್ಳೋ ಲಿಂಗನ್‌ಬೆರಿ (ಹುಳಿ ಕೆಂಪು ಹಣ್ಣು) ಜಾಮ್ ಬದ್ಲು ಹುಳಿಹುಳಿ ಕವಳಿಹಣ್ಣಿನ ಜಾಮ್ ನಡೆಯತ್ತೆ.