ತೀನಾ ಪೀಕಾ: ಒಬ್ಬ ಪೋಷಕ ನಟಿಯ ವೃತ್ತಿಜೀವನವನ್ನು ನಾನು ಬರೆದ ಬಗೆ

ಇಟಲಿಯ ಹಾಸ್ಯಚಿತ್ರಗಳಲ್ಲಿ ಮನೆಗೆಲಸದಾಕೆ, ಅತ್ತೆ, ಅಜ್ಜಿಯಂಥ ಪಾತ್ರಗಳಿಗೆ ಹೆಸರಾದ ತೀನಾ ಪೀಕಾ ಅವರ ಕುರಿತು ದೀರ್ಘ ಲೇಖನವೊಂದನ್ನು ಬರೆಯಲು ಕುಳಿತಾಗ, ಚಿತ್ರಗಳ ಪಟ್ಟಿಯನ್ನು ಬದಿಗಿಟ್ಟು ರಂಗಭೂಮಿಯಿಂದ ಆರಂಭಿಸಿದೆ. ಗುಬ್ಬಿ ಕಂಪನಿಯಲ್ಲಿ ಪಳಗಿ ಬೆಳ್ಳಿತೆರೆಗೆ ಬಂದ ಕಲಾವಿದರನ್ನು ಹಳೆಯ ಕನ್ನಡ ಚಿತ್ರಗಳಲ್ಲಿ ನೋಡಿದವರಿಗೆ ಈ ಕ್ರಮ ಸಹಜವೆಂದೇ ತೋರುತ್ತದೆ.

ತೀನಾ 1884ರಲ್ಲಿ ನೇಪಲ್ಸ್‌ನ ರಂಗನಟರೊಬ್ಬರ ಮಗಳಾಗಿ ಹುಟ್ಟಿದರು. ನಾಟಕಕಾರ, ನಟ ಎದುವಾರ್ದೊ ದೆ ಫಿಲಿಪ್ಪೊ ಅವರ ತಂಡದಲ್ಲಿ ದುಡಿದು, 1946ರಲ್ಲಿ ರಂಗಕ್ಕೆ ಬಂದ ‘ಫಿಲುಮೇನಾ ಮಾರ್ತುರಾನೊ’ ನಾಟಕದಲ್ಲಿ ನಾಯಕಿಯ ಆಪ್ತಳಾದ ರೊಸಾಲಿಯಾಳ ಪಾತ್ರ ವಹಿಸಿದರು. 1951ರಲ್ಲಿ ಎದುವಾರ್ದೊ ಅವರೇ ಅದನ್ನು ಚಿತ್ರವಾಗಿಸಿದಾಗಲೂ ಆ ಪಾತ್ರ ಅವರದೇ ಆಗಿತ್ತು. ಈ ಚಿತ್ರವನ್ನು ನಾನು ಮೊದಲು ಧ್ವನಿಯಿಲ್ಲದೆ ನೋಡಿದೆ, ಏಕೆಂದರೆ ಪೋಷಕ ನಟಿಯ ಕೆಲಸದ ಬಹುಪಾಲು ಇತರರು ಮಾತನಾಡುತ್ತಿರುವಾಗಲೇ ನಡೆಯುತ್ತದೆ. ಆಮೇಲೆ ಧ್ವನಿಯೊಂದಿಗೆ ನೋಡಿದೆ. ಆ ಕಾಲದ ಇಟಲಿಯಲ್ಲಿ ಚಿತ್ರೀಕರಣದ ನಂತರ ಮಾತುಗಳನ್ನು ಸೇರಿಸುವುದು ವಾಡಿಕೆಯಾಗಿತ್ತು, ಎಷ್ಟೋ ನಟಿಯರಿಗೆ ಬೇರೆಯವರು ಕಂಠದಾನ ಮಾಡುತ್ತಿದ್ದರು. ಆದರೆ ತೀನಾ ಅವರ ಒರಟಾದ, ಭಾರವಾದ ದನಿಯೇ ಅವರ ಗುರುತು. ಆದ್ದರಿಂದ ದನಿಗೆಂದೇ ಪ್ರತ್ಯೇಕ ಟಿಪ್ಪಣಿ ಇಟ್ಟುಕೊಂಡೆ.

ಲೇಖನದ ಹೆಚ್ಚಿನ ಭಾಗವನ್ನು ತೀನಾ ಅವರ ಕಾರಮೆಲ್ಲಾ ಎಂಬ ಪಾತ್ರಕ್ಕೆ ಕೊಟ್ಟೆ. ಲುಯಿಜಿ ಕೊಮೆಂಚೀನಿ ನಿರ್ದೇಶಿಸಿದ ‘ಪಾನೆ, ಅಮೋರೆ ಎ ಫಂತಾಸಿಯಾ’ (1953) ಚಿತ್ರದಲ್ಲಿ ವಿತ್ತೋರಿಯೊ ದೆ ಸೀಕಾ ಹಳ್ಳಿಯೊಂದಕ್ಕೆ ವರ್ಗವಾಗಿ ಬಂದ ಪೊಲೀಸ್ ಅಧಿಕಾರಿ, ತೀನಾ ಅವನ ಮನೆಗೆಲಸದಾಕೆ ಕಾರಮೆಲ್ಲಾ. ಅವನ ಪ್ರೇಮದ ಹುಮ್ಮಸ್ಸಿಗೂ ಇವಳ ನಗದ ಮುಖಕ್ಕೂ ನಡುವೆ ಇರುವ ಅಂತರದಲ್ಲೇ ನಗು ಹುಟ್ಟುತ್ತದೆ, ಅದನ್ನು ದೆ ಸೀಕಾ ಒಬ್ಬರ ಪ್ರತಿಭೆಯೆಂದು ಬರೆದರೆ ಅನ್ಯಾಯವಾಗುತ್ತದೆ. ಮರುವರ್ಷದ ಎರಡನೆಯ ಭಾಗದ ಅಭಿನಯಕ್ಕಾಗಿ ಅವರಿಗೆ ಅತ್ಯುತ್ತಮ ಪೋಷಕ ನಟಿಗೆ ಸಲ್ಲುವ ‘ನಾಸ್ತ್ರೊ ದಾರ್ಜೆಂತೊ’ ಪ್ರಶಸ್ತಿ ಬಂತು. ಮೂರನೆಯ ಭಾಗವನ್ನು 1955ರಲ್ಲಿ ದೀನೊ ರೀಸಿ ನಿರ್ದೇಶಿಸಿದರು. ಕಥೆ ಸೊರೆಂತೊಗೆ ಸಾಗಿ, ನಾಯಕಿಯಾಗಿ ಸೋಫಿಯಾ ಲಾರೆನ್ ಬಂದರೂ ಕಾರಮೆಲ್ಲಾ ಉಳಿದಳು. ನಾಯಕಿ ಬದಲಾದರೂ ಮನೆಗೆಲಸದಾಕೆ ಬದಲಾಗಲಿಲ್ಲ ಎಂಬ ಈ ಒಂದು ಸಂಗತಿಯೇ ಅವರ ಸ್ಥಾನವನ್ನು ಹೇಳುತ್ತದೆಂದು ನನಗನ್ನಿಸಿತು.

ಎಪ್ಪತ್ತು ದಾಟಿದ ಮೇಲೆ ಅವರು ಮುಖ್ಯಪಾತ್ರಗಳಿಗೇರಿದರು. ರೀಸಿ ಅವರ ‘ಲಾ ನೊನ್ನಾ ಸಬೆಲ್ಲಾ’ (1957) ಚಿತ್ರದ ಅಜ್ಜಿ ಮನೆಮಂದಿಯ ಮದುವೆಗಳನ್ನೆಲ್ಲ ತನ್ನ ಇಷ್ಟದಂತೆ ನಡೆಸಲು ಹವಣಿಸುವವಳು, ತನ್ನ ತಂಗಿಯ ಮದುವೆಗೆ ವರ್ಷಗಟ್ಟಲೆ ಅಡ್ಡ ನಿಂತವಳು. ಆ ಹಟಮಾರಿತನದಲ್ಲಿ ಕಾರಮೆಲ್ಲಾಳ ಗಾಂಭೀರ್ಯವೇ ಅಧಿಕಾರವಾಗಿ ಬೆಳೆದಿದೆ. ಅವರ ಮನೆತನದ ಹೆಸರನ್ನೇ ಶೀರ್ಷಿಕೆಯಲ್ಲಿ ಹೊತ್ತ ‘ಲಾ ಪೀಕಾ ಸುಲ್ ಪಚೀಫಿಕೊ’ (1959) ಕೂಡ ಬಂತು. ಅಂಥ ಚಿತ್ರಗಳನ್ನು ನಾನು ಬೇಗನೆ ದಾಟಿದೆ, ಎದುರಿಗೆ ಸಮಬಲದ ನಟರಿಲ್ಲದಿದ್ದರೆ ಅವರ ಮೌನಕ್ಕೆ ಕೆಲಸವಿರುವುದಿಲ್ಲ.

ಕೊನೆಯ ಭಾಗಕ್ಕೆ ದೆ ಸೀಕಾ ನಿರ್ದೇಶನದ ‘ಯೇರಿ, ಓಜ್ಜಿ, ದೊಮಾನಿ’ (1963) ಚಿತ್ರವನ್ನು ಆರಿಸಿಕೊಂಡೆ. ಮೊಮ್ಮಗ ಪಾದ್ರಿಯಾಗುವ ದಾರಿ ಬಿಡುತ್ತಾನೆಂಬ ಭಯದಿಂದ, ತಾನು ಹೀಯಾಳಿಸಿದ್ದ ಪಕ್ಕದ ಮನೆಯ ವೇಶ್ಯೆ ಮಾರಾಳ ಮುಂದೆಯೇ ಅಜ್ಜಿ ಸಹಾಯ ಬೇಡುವ ದೃಶ್ಯ ಅದರಲ್ಲಿದೆ. ಜಗಳವಾಡಿದ ಅದೇ ಒರಟು ದನಿ ಇಲ್ಲಿ ಅಂಗಲಾಚುತ್ತದೆ. ತೀನಾ 1968ರಲ್ಲಿ ನೇಪಲ್ಸ್‌ನಲ್ಲಿ ತೀರಿಕೊಂಡರು. ಅದನ್ನು ಒಂದೇ ಸಾಲಿನಲ್ಲಿ ದಾಖಲಿಸಿ, ಉಳಿದ ಜಾಗವನ್ನೆಲ್ಲ ಈ ದೃಶ್ಯದ ವಿವರಣೆಗೆ ಬಳಸಿದೆ.