ಗಾರ್ಮೆಂಟ್ಸ್ ಹೆಣ್ಣುಮಕ್ಕಳ ಮೇಲೆ ಡಾಕ್ಯುಮೆಂಟರಿ ಮಾಡ್ತೀರಾ? ಸಂಬಳದ ಚೀಟಿಯಿಂದ ಶುರು ಮಾಡಿ

ಬೆಂಗಳೂರಿನ ಪೀಣ್ಯದಲ್ಲೋ ಮೈಸೂರು ರಸ್ತೆಯಲ್ಲೋ ಬೆಳಗ್ಗೆ ಗುಂಪುಗುಂಪಾಗಿ ಓಡೋಡಿ ಹೋಗುವ ಗಾರ್ಮೆಂಟ್ಸ್ ಹೆಣ್ಣುಮಕ್ಕಳನ್ನು ನೋಡಿದರೆ ತಕ್ಷಣ ಕ್ಯಾಮೆರಾ ತೆಗೆಯಬೇಕು ಅನ್ನಿಸುತ್ತೆ. ತೆಗೆಯಬೇಡಿ. ಗೇಟಿನ ಹತ್ತಿರ ನಿಮ್ಮ ಜೊತೆ ಮಾತಾಡಿದ್ದು ಸೂಪರ್‌ವೈಸರ್ ಕಣ್ಣಿಗೆ ಬಿದ್ದರೆ ಮಾರನೇ ದಿನ ಬೈಸಿಕೊಳ್ಳೋದು ಅವರು.

ಮೊದಲ ಒಂದೆರಡು ತಿಂಗಳು ಕೈ ಬೀಸಿಕೊಂಡು ಮನೆಗೇ ಹೋಗಿ, ಅದೂ ಭಾನುವಾರ. ಬಟ್ಟೆ ಒಗೆಯೋದು, ರೇಷನ್ ತರೋದು ಎಲ್ಲಾ ಅವತ್ತೇ ಇರುತ್ತೆ, ಹಾಗಾಗಿ ಅವರು ಕೆಲಸ ಮಾಡ್ತಾ ಇರುವಾಗಲೇ ಪಕ್ಕದಲ್ಲಿ ಕೂತು ಮಾತಾಡಿ. ಶೂಟಿಂಗಿಗೆ ಅಂತ ರಜೆ ಹಾಕಿಸಬೇಡಿ. ಒಂದು ದಿನ ತಪ್ಪಿದರೆ ಸಂಬಳದ ಜೊತೆ ಅಟೆಂಡೆನ್ಸ್ ಬೋನಸ್ಸೂ ಹೋಗಬಹುದು.

ನಂಬಿಕೆ ಬಂದ ಮೇಲೆ ಸಂಬಳದ ಚೀಟಿ ತೋರಿಸೋಕೆ ಕೇಳಿ. ನನ್ನ ಪ್ರಕಾರ ಸಿನಿಮಾ ನಿಲ್ಲೋದೇ ಅದರ ಮೇಲೆ. ಬೇಸಿಕ್ (ಮೂಲ ಸಂಬಳ), ಡಿಎ (ತುಟ್ಟಿಭತ್ಯೆ), ಪಿಎಫ್ (ಭವಿಷ್ಯನಿಧಿ), ಇಎಸ್‌ಐ (ಕಾರ್ಮಿಕರ ವಿಮೆ), ಓಟಿ (ಹೆಚ್ಚುವರಿ ಹೊತ್ತಿನ ಕೆಲಸ), ಒಂದೊಂದನ್ನೂ ಅವರ ಬಾಯಲ್ಲೇ ಓದಿಸಿ. ಓಟಿಗೆ ಡಬಲ್ ಸಂಬಳ ಕೊಡಬೇಕು ಅನ್ನೋದು ಕಾನೂನು. ಚೀಟಿಯಲ್ಲಿ ಓಟಿ ಸೊನ್ನೆ ಇದ್ದು, ಅವರು ಮಾತ್ರ ರಾತ್ರಿ ಎಂಟಕ್ಕೆ ಮನೆಗೆ ಬಂದಿದ್ದರೆ ನಿಮ್ಮ ಕಥೆ ಅಲ್ಲೇ ಇದೆ. ಡಿಎ ಹತ್ತಿರ ಇನ್ನೂ ಸ್ವಲ್ಪ ಹೊತ್ತು ನಿಲ್ಲಿ. ಬೆಲೆ ಏರಿದ ಹಾಗೆ ವರ್ಷವರ್ಷ ಏರಬೇಕಾದದ್ದು ಅದು. 2020ರಲ್ಲಿ ರಾಜ್ಯ ಸರ್ಕಾರ ಕೋವಿಡ್ ಹೆಸರಲ್ಲಿ ಆ ಏರಿಕೆಯನ್ನು ಒಂದು ವರ್ಷ ಮುಂದಕ್ಕೆ ಹಾಕಿತು. ತಿಂಗಳಿಗೆ ಸುಮಾರು 417 ರೂಪಾಯಿ. ಆ ದುಡ್ಡಲ್ಲಿ ಮನೆಗೆ ಏನೇನು ಬರ್ತಿತ್ತು ಅಂತ ಕೇಳಿ ಸುಮ್ನೆ ಕೂರಿ.

"ನಿಮ್ಮ ಕಷ್ಟ ಹೇಳಿ" ಅಂದರೆ ಅಳು ಬರುತ್ತೆ, ವಿಷಯ ಬರಲ್ಲ. ನಿನ್ನೆ ಗಂಟೆಗೆ ಎಷ್ಟು ಪೀಸ್ ಟಾರ್ಗೆಟ್ ಇತ್ತು, ನೀರು ಎಷ್ಟು ಸಲ ಕುಡಿದ್ರಿ, ಬಾತ್‌ರೂಮಿಗೆ ಯಾರನ್ನ ಕೇಳಿ ಹೋದ್ರಿ ಅಂತ ಕೇಳಿ. 2016ರ ಏಪ್ರಿಲ್ ಬಗ್ಗೆಯೂ ಕೇಳಿ. ಪಿಎಫ್ ದುಡ್ಡಿನಲ್ಲಿ ಮಾಲೀಕರ ಪಾಲನ್ನು 58 ವರ್ಷದ ತನಕ ತೆಗೆಯೋ ಹಾಗಿಲ್ಲ ಅಂತ ನಿಯಮ ಬಂದಾಗ ಸಾವಿರಾರು ಹೆಣ್ಣುಮಕ್ಕಳು ಹೊಸೂರು ರಸ್ತೆಗೆ, ತುಮಕೂರು ರಸ್ತೆಗೆ ಇಳಿದರು, ಎರಡೇ ದಿನಕ್ಕೆ ಕೇಂದ್ರ ಸರ್ಕಾರ ಆ ನಿಯಮ ವಾಪಸ್ ತಗೊಂಡಿತು. ಅವತ್ತು ರಸ್ತೆಯಲ್ಲಿದ್ದವರು ಅದನ್ನು ಹೇಳುವಾಗ ದನಿಯೇ ಬೇರೆ ಆಗುತ್ತೆ. ಆ ದನಿ ನಿಮ್ಮ ಸಿನಿಮಾದಲ್ಲಿ ಇರಲೇಬೇಕು ಅಲ್ವಾ?

ಮುಖ ಮಸುಕು ಮಾಡಿದರೆ ಸಾಲದು. ಐಡಿ ಕಾರ್ಡಿನ ದಾರ, ಏಪ್ರನ್ ಬಣ್ಣ, ದನಿ, ಕೊನೆಗೆ ಗೋಡೆಯ ಕ್ಯಾಲೆಂಡರ್ ನೋಡಿಯೂ ಗುರುತು ಹಿಡೀತಾರೆ. ಭಯ ಇದ್ದವರ ಮಾತನ್ನು ಬರೆದುಕೊಂಡು ಬೇರೆಯವರ ದನಿಯಲ್ಲಿ ಓದಿಸಿ, ಹಾಗೆ ಮಾಡಿದ್ದೀವಿ ಅಂತ ಪರದೆ ಮೇಲೆ ಹಾಕಿ. ಚೀಟಿ ತೋರಿಸುವಾಗ ಹೆಸರು, ಪಿಎಫ್ ನಂಬರ್ ಮುಚ್ಚಿ.

ಕಾರ್ಖಾನೆಯವರ ಉತ್ತರವನ್ನು ಬರವಣಿಗೆಯಲ್ಲೇ ಕೇಳಿ, ಆದರೆ ನಿಮ್ಮ ಪ್ರಶ್ನೆಯಿಂದಲೇ ಯಾರು ಮಾತಾಡಿದ್ದು ಅಂತ ಗೊತ್ತಾಗದ ಹಾಗೆ ಬರೆಯಿರಿ. ಎಡಿಟ್ ಮುಗಿಯೋ ಮೊದಲು ಸಿನಿಮಾವನ್ನು ಆ ಹೆಣ್ಣುಮಕ್ಕಳಿಗೆ ಅವರದ್ದೇ ಮನೆಯಲ್ಲಿ, ಬಾಗಿಲು ಹಾಕಿಕೊಂಡು, ಲ್ಯಾಪ್‌ಟಾಪಿನಲ್ಲಿ ತೋರಿಸಿ. "ಅದೊಂದು ಮಾತು ಬೇಡ ಕಣಪ್ಪಾ" ಅಂದರೆ ಕಾರಣ ಕೇಳದೆ ತೆಗೆದುಬಿಡಿ.